ಏಳು ಗಂಟೆ ಅಂದ್ರೆ ಯಾರ ಏಳು ಗಂಟೆ?

2024ರ ನವೆಂಬರ್ 3, ಐತವಾರ. ಪಾಡ್ಯ ಮುಗಿದ ಮರುದಿನ, ಸೋಲಾಪುರದ ಕಡೆ ಭಾವುಬೀಜ್ ಅಂತ ಆಚರಿಸುವ ದಿನ. ನಮ್ಮ ದೊಡ್ಡಪ್ಪನ ಮನೆ ಪಡಸಾಲೆಯಲ್ಲಿ ಎಂಟು ಮಂದಿ ಕುಂತಿದ್ದೆವು. ದೊಡ್ಡಪ್ಪ ತೀರಿಕೊಂಡು ವರ್ಷ ತುಂಬಿತ್ತು. ಹೊಲದ ವಾಟಣಿ ಮಾತು ಆಗಬೇಕಿತ್ತು. ಊರಿನ ಇಬ್ಬರು ಹಿರಿಯರನ್ನೂ ಕರೆಸಿದ್ದರು.

ಮಕ್ಕಳು ನಾಲ್ವರು. ದೊಡ್ಡಣ್ಣ ಊರಲ್ಲೇ ಇದ್ದು ಹೊಲ ನೋಡುತ್ತಾನೆ. ಒಬ್ಬ ಅಣ್ಣ ಪುಣೆಯಲ್ಲಿ. ಕಿರಿಯವನು ಸೌದಿಯ ದಮ್ಮಾಮ್‌ನಲ್ಲಿ ಡ್ರೈವರ್. ಅಕ್ಕ ಅಮೆರಿಕದ ನ್ಯೂಜೆರ್ಸಿಯಲ್ಲಿ. ಫೋನ್ ಹಚ್ಚುವ ಕೆಲಸ ನಮ್ಮದು. ಓದಿದವರು, ಪೇಪರಿಗೆ ಬರೆಯುವವರು ಅಂತ ಇಂಥವನ್ನೆಲ್ಲ ನಮ್ಮ ತಲೆಗೇ ಕಟ್ಟುತ್ತಾರೆ. ವಾರದ ಮೊದಲೇ ಗ್ರೂಪಿನಲ್ಲಿ ನಾವೇ ಬರೆದು ಹಾಕಿದ್ದೆವು: ಐತವಾರ ಸಂಜೆ 7ಕ್ಕೆ. ದಮ್ಮಾಮ್‌ನಲ್ಲಿ 4:30. ನ್ಯೂಜೆರ್ಸಿಯಲ್ಲಿ ಮುಂಜಾನೆ 9:30.

ಏಳಕ್ಕೆ ಸರಿಯಾಗಿ ತಮ್ಮ ಲಾರಿ ಕ್ಯಾಬಿನ್‌ನಲ್ಲಿ ಕುಂತು ಫೋನಿಗೆ ಬಂದ. ಪುಣೆಯವನೂ ಬಂದ. ಅಕ್ಕ ಇಲ್ಲ. ಏಳೂ ಹತ್ತಾಯಿತು, ಏಳೂ ಇಪ್ಪತ್ತಾಯಿತು. ತಮ್ಮನಿಗೆ ಅಲ್ಲಿಯ 5ಕ್ಕೆ ಡ್ಯೂಟಿ. ‘ಅಕೀಗಿ ಹೊಲದ ಖಬರ ಎಲ್ಲಿ ಅದ, ಡಾಲರ್ ಎಣಸೂದ್ರಾಗ ಅದಾಳ’ ಅಂತ ದೊಡ್ಡಣ್ಣ ಅಂದುಬಿಟ್ಟ. ಹಿರಿಯರೊಬ್ಬರು ‘ಬರಲಾರದವರ ಸಲುವಾಗಿ ಎಷ್ಟೊತ್ತು ಕಾಯೂದು’ ಅಂದರು. ಬಾವಿ ಹೊಲ ದೊಡ್ಡಣ್ಣನಿಗೆ, ಹಳ್ಳದ ದಂಡೆಯದು ಉಳಿದ ಇಬ್ಬರಿಗೆ, ಅಕ್ಕ ಹಕ್ಕು ಬಿಟ್ಟ ಪತ್ರ ಬರೆದುಕೊಡುವುದು ಅಂತ ಬಾಯಿಮಾತಿನಲ್ಲಿ ತೀರ್ಮಾನ ಆಯಿತು. ಏಳೂವರೆಗೆ ತಮ್ಮ ಫೋನಿಟ್ಟ. ಹಿರಿಯರು ಚಾ ಕುಡಿದು ಎದ್ದರು.

ಎಂಟಕ್ಕೆ ಅಕ್ಕ ಬಂದಳು. ತಲೆ ಬಾಚಿಕೊಂಡು, ಒಂದು ನೋಟ್‌ಬುಕ್ ಹಿಡಿದುಕೊಂಡು ಕುಂತಿದ್ದಳು. ‘ಎಲ್ಲಾರೂ ಬಂದಾರೇನು?’ ಅಂತ ಕೇಳಿದಳು.

ಆಮೇಲೆ ಆದ ಮಾತು ಇಲ್ಲಿ ಬೇಡ. ಮೂರು ವಾರ ಆ ಮನೆಯಲ್ಲಿ ಅಣ್ಣ ತಂಗಿ ಮಾತಾಡಲಿಲ್ಲ. ದೊಡ್ಡವ್ವ ಎರಡು ಹೊತ್ತು ಉಣ್ಣಲಿಲ್ಲ. ‘ನೀನೇ ಒಂಬತ್ತೂವರಿ ಅಂತ ಬರ್ದಿದ್ಯಲ್ಲೋ ತಮ್ಮಾ’ ಅಂತ ಅಕ್ಕ ನಮಗೆ ಬರೆದಳು. ‘ಹೌದಕ್ಕಾ, ಅದು ನಮ್ಮ ಏಳೇ’ ಅಂತ ನಾವೂ ಗಟ್ಟಿಯಾಗಿ ಉತ್ತರ ಕೊಟ್ಟೆವು. ಲೆಕ್ಕ ಸರಿ ಇದೆ ಅಂತಲೇ ನಂಬಿದ್ದೆವು. ಸರಿ ಇರಲಿಲ್ಲ. ಅವತ್ತು ಬೆಳಗಿನ ಜಾವ 2 ಗಂಟೆಗೆ ಅಮೆರಿಕದ ಗಡಿಯಾರಗಳು ಒಂದು ತಾಸು ಹಿಂದಕ್ಕೆ ಸರಿದಿದ್ದವು. ನಮ್ಮ ಏಳು ಅವಳಿಗೆ ಶನಿವಾರದ ತನಕ ಒಂಬತ್ತೂವರೆ ಆಗಿತ್ತು, ಐತವಾರ ಎಂಟೂವರೆ ಆಗಿತ್ತು. ನಾವು ಹೇಳಿದ ಒಂಬತ್ತೂವರೆಗೆ ಅವಳು ತಪ್ಪದೆ ಬಂದಿದ್ದಳು. ತಪ್ಪು ನಮ್ಮದು.

ಆ ತಪ್ಪು ಎಲ್ಲಿಂದ ಬಂತು ಅಂತ ಹುಡುಕುತ್ತ ಹೋದಾಗ ಸಿಕ್ಕ ಕಥೆ ಇದು. ನಮ್ಮ ಚೌಡಾಪುರದ ಬಾಗಿಲಿಗೂ ಅದು ಬಂದು ಹೋಗಿದೆ.

ಗಡಿಯಾರ ಇಲ್ಲದ ಕಾಲದಲ್ಲಿ ಸಭೆ ಸೇರುತ್ತಿರಲಿಲ್ಲವೇ? ಸೇರುತ್ತಿದ್ದರು. ಕೋಳಿ ಕೂಗೋ ಹೊತ್ತು, ದನ ಬಿಡೋ ಹೊತ್ತು, ಬುತ್ತಿ ಹೊತ್ತು, ದೀಪ ಹಚ್ಚೋ ಹೊತ್ತು. ಒಂದು ಊರಿನವರಿಗೆ ಇಷ್ಟು ಸಾಕು. ಪಂಚಾಂಗ ನೋಡುವವರಿಗೆ ಗಳಿಗೆ ಇತ್ತು. ಒಂದು ಹಗಲು ಒಂದು ರಾತ್ರಿ ಸೇರಿ 60 ಗಳಿಗೆ, ಅಂದರೆ ಒಂದು ಗಳಿಗೆಗೆ 24 ನಿಮಿಷ. ತಳದಲ್ಲಿ ಸಣ್ಣ ತೂತಿನ ತಾಮ್ರದ ಬಟ್ಟಲನ್ನು ನೀರಿನ ಮೇಲೆ ತೇಲಿಬಿಟ್ಟು, ಅದು ತುಂಬಿ ಮುಳುಗಿದರೆ ಒಂದು ಗಳಿಗೆ. ಮದುವೆ ಮುಹೂರ್ತಕ್ಕೆ ಇದನ್ನೇ ನೋಡುತ್ತಿದ್ದರು.

ಊರಿಂದ ಊರಿಗೆ ಹೊತ್ತು ಬೇರೆ ಅನ್ನುವುದೂ ನಮ್ಮ ಹಳೆಯ ಗಣಿತದವರಿಗೆ ಹೊಸದಲ್ಲ. ಸಿದ್ಧಾಂತ ಗ್ರಂಥಗಳಲ್ಲಿ ಉಜ್ಜಯಿನಿಯ ಮೇಲೆ ಹಾಯುವ ಗೆರೆಯನ್ನು ಮೂಲ ಅಂತ ಇಟ್ಟುಕೊಂಡು, ಅಲ್ಲಿಂದ ಪೂರ್ವಕ್ಕೆ ಎಷ್ಟು, ಪಶ್ಚಿಮಕ್ಕೆ ಎಷ್ಟು ಅಂತ ತಿದ್ದಿಕೊಳ್ಳುತ್ತಿದ್ದರು. ಆ ಗೆರೆ ದಕ್ಷಿಣಕ್ಕೆ ಬಂದರೆ ಹೆಚ್ಚುಕಡಿಮೆ ವಿಜಯಪುರದ ಮೇಲೆ ಹಾಯುತ್ತದೆ. ನಮ್ಮ ಜಿಲ್ಲೆಯ ಮಳಖೇಡದಲ್ಲಿ ಆಳಿದ ಅಮೋಘವರ್ಷ ನೃಪತುಂಗನ ಕಾಲದ ಮಹಾವೀರಾಚಾರ್ಯ ‘ಗಣಿತಸಾರಸಂಗ್ರಹ’ದ ಶುರುವಿಗೇ ಹೊತ್ತಿನ ಅಳತೆಗಳನ್ನು ಹೇಳಿಬಿಡುತ್ತಾನೆ. ಒಂಬತ್ತನೇ ಶತಮಾನದ ಮಾತು. ಆದರೆ ಈ ಲೆಕ್ಕ ಬೇಕಾದದ್ದು ಗ್ರಹಣ ನೋಡುವವರಿಗೆ. ವಿಜಯಪುರದ ಹೊತ್ತೂ ಕಲಬುರಗಿಯ ಹೊತ್ತೂ ಸುಮಾರು ನಾಲ್ಕೂವರೆ ನಿಮಿಷ ಬೇರೆ ಅಂತ ಎತ್ತಿನ ಗಾಡಿಯಲ್ಲಿ ಹೋಗುವವನಿಗೆ ಗೊತ್ತಾಗಿ ಆಗಬೇಕಾದ್ದೇನು?

ರೈಲು ಬಂದಾಗ ಗೊತ್ತಾಗಬೇಕಾಯಿತು.

ಮುಂಬಯಿಯಿಂದ ಹೊರಟ ಗ್ರೇಟ್ ಇಂಡಿಯನ್ ಪೆನಿನ್ಸುಲಾ ರೈಲ್ವೆ 1860ಕ್ಕೆ ಸೋಲಾಪುರ ಮುಟ್ಟಿತು. ಮುಂದೆ ದುಧನಿ, ಗಾಣಗಾಪುರ ರೋಡ್, ಕಲಬುರಗಿ, ವಾಡಿ ದಾಟಿ 1871ರಲ್ಲಿ ರಾಯಚೂರಿಗೆ ಬಂತು. ಆ ಕಡೆಯಿಂದ ಮದ್ರಾಸ್ ರೈಲ್ವೆಯೂ ಅಲ್ಲಿಗೇ ಬಂದು ಎರಡೂ ಕೂಡಿದವು. ನಾವು ಇವತ್ತಿಗೂ ‘ಸ್ಟೇಷನ್ ಗಾಣಗಾಪುರ’ ಅಂತ ಕರೆಯುವ ಆ ಸಣ್ಣ ನಿಲ್ದಾಣ ಒಂದೇ ಏಟಿಗೆ ಮುಂಬಯಿಗೂ ಮದ್ರಾಸಿಗೂ ನಂಟಾಯಿತು.

ಈಗ ತಕರಾರು ನೋಡಿ. ಸೂರ್ಯ ನೆತ್ತಿಗೆ ಬಂದಾಗ ಮಧ್ಯಾಹ್ನ 12 ಅಂತ ಪ್ರತಿ ಊರೂ ಗಡಿಯಾರ ಇಟ್ಟುಕೊಂಡರೆ ಮುಂಬಯಿಗೂ ಮದ್ರಾಸಿಗೂ 30 ನಿಮಿಷ ಅಂತರ. ಮುಂಬಯಿಗೂ ಕಲ್ಕತ್ತೆಗೂ ಒಂದು ತಾಸಿನ ಮೇಲೆ ಎರಡು ನಿಮಿಷ. ನಮ್ಮ ಚೌಡಾಪುರದ ಹೊತ್ತು ಎಲ್ಲಿ ಬರುತ್ತದೆ ಅಂತ ರೇಖಾಂಶ ಹಿಡಿದು ಲೆಕ್ಕ ಹಾಕಿದೆವು. ಮುಂಬಯಿಗಿಂತ 15 ನಿಮಿಷ ಮುಂದೆ, ಮದ್ರಾಸಿಗಿಂತ 15 ನಿಮಿಷ ಹಿಂದೆ. ಸರಿಸುಮಾರು ನಟ್ಟನಡುವೆ. ಎರಡು ದೊಡ್ಡ ಶಹರದವರು ಗಡಿಯಾರಕ್ಕಾಗಿ ಜಗಳ ಆಡಿದರೆ ಪಂಚಾಯ್ತಿ ಕಟ್ಟೆ ಹಾಕಲು ಇದಕ್ಕಿಂತ ಒಳ್ಳೆ ಊರು ಸಿಗುತ್ತಿರಲಿಲ್ಲ. ಯಾರೂ ಕೇಳಲಿಲ್ಲ ಅಷ್ಟೆ.

ಒಂಟಿ ಹಳಿಯ ಮೇಲೆ ಎದುರುಬದುರು ಬರುವ ಎರಡು ಗಾಡಿಗಳ ಡ್ರೈವರುಗಳಿಗೆ ಬೇರೆ ಬೇರೆ ಗಡಿಯಾರ ಇದ್ದರೆ ಏನಾಗುತ್ತದೆ ಅಂತ ಬಿಡಿಸಿ ಹೇಳಬೇಕಿಲ್ಲ. ರೈಲಿನವರಿಗೆ ಒಂದೇ ವೇಳೆ ಬೇಕಿತ್ತು. ಅವರು ಹಿಡಿದದ್ದು ಮದ್ರಾಸ್ ವೇಳೆ. ಈಸ್ಟ್ ಇಂಡಿಯಾ ಕಂಪನಿ 1792ರಲ್ಲೇ ಅಲ್ಲಿ ವೀಕ್ಷಣಾಲಯ ಕಟ್ಟಿಸಿತ್ತು, ನಕ್ಷತ್ರ ನೋಡಿ ಹೊತ್ತು ಅಳೆಯುವ ಪದ್ಧತಿ ಗಟ್ಟಿಯಾಗಿತ್ತು. ಮೇಲಾಗಿ ಮದ್ರಾಸಿನ ಹೊತ್ತು ಮುಂಬಯಿಗೂ ಕಲ್ಕತ್ತೆಗೂ ನಡುವೆ ಬೀಳುತ್ತಿತ್ತು. ತಾರು ಮತ್ತು ರೈಲು ಎರಡೂ ಅದನ್ನೇ ಹಿಡಿದವು.

ಹಾಗಾಗಿ ಚೌಡಾಪುರದ ಕಡೆಯವನು ನೆರಳು ನೋಡಿ ಸ್ಟೇಷನ್ ಗಾಣಗಾಪುರಕ್ಕೆ ನಡೆದರೆ ಕಾಲು ತಾಸು ತಡ. ಬ್ಯಾಗ್ ಹಿಡಿದು ಓಡುವ ನಮ್ಮ ರೂಢಿಗೆ ಅಷ್ಟು ಹಳೆಯ ಬೇರಿದೆ ಅಂತ ತಮಾಷೆಗೆ ಹೇಳಬಹುದು. ಮುಂಬಯಿಯವರಿಗಂತೂ ಪೂರಾ ಅರ್ಧ ತಾಸಿನ ಫರಕು. ಮನೆಯ ಗಡಿಯಾರ ನೋಡಿ ಹೊರಟರೆ ಗಾಡಿ ಹೋಗಿಬಿಟ್ಟಿರುತ್ತಿತ್ತು.

ಇಷ್ಟರ ಜೊತೆಗೆ ನಮ್ಮ ಭಾಗಕ್ಕೆ ಇನ್ನೊಂದು ಗಂಟು ಇತ್ತು. ಅದು ತಾಸಿನದಲ್ಲ, ತಾರೀಖಿನದು. ಕಲಬುರಗಿ ಜಿಲ್ಲೆ ನಿಜಾಮರ ಹೈದರಾಬಾದ್ ಸಂಸ್ಥಾನದಲ್ಲಿತ್ತು. ಭೀಮೆಯಾಚೆ ಇಂಡಿ, ಸಿಂದಗಿ ಮುಂಬಯಿ ಪ್ರಾಂತ. ಪಕ್ಕದ ಅಕ್ಕಲಕೋಟೆ ಬೇರೆಯೇ ಒಬ್ಬ ರಾಜನ ಸಂಸ್ಥಾನ. ನಿಜಾಮರ ಕಚೇರಿಗಳಲ್ಲಿ ಫಸಲಿ ವರ್ಷ ನಡೆಯುತ್ತಿತ್ತು. ಅಜೂರ್, ದೈ, ಬಹಮನ್, ಇಸ್ಫಂದಾರ್ ಅಂತ ಫಾರಸಿ ತಿಂಗಳುಗಳು. ವರ್ಷ ಶುರುವಾಗುವುದು ಅಕ್ಟೋಬರ್ ಹೊತ್ತಿಗೆ. ಫಸಲಿಗೆ 590 ಕೂಡಿಸಿದರೆ ಇಂಗ್ಲಿಷ್ ವರ್ಷ ಹೆಚ್ಚುಕಡಿಮೆ ಸಿಗುತ್ತದೆ. ನಿಮ್ಮ ಮನೆ ಅಟ್ಟದ ಮೇಲಿನ ಟ್ರಂಕಿನಲ್ಲಿ ಹಳೆ ಉರ್ದು ಕಾಗದ ಇದ್ದರೆ, ಅದರಲ್ಲಿ 1357 ಅಂತ ಕಂಡರೆ ಗಾಬರಿ ಬೀಳಬೇಡಿ. ಅದು ಬಹಮನಿ ಸುಲ್ತಾನರ ಕಾಲದ್ದಲ್ಲ, 1947-48ರದ್ದು. ದೊಡ್ಡಪ್ಪನ ಹೊಲದ ಕಾಗದದಲ್ಲೂ ಇಂಥದೇ ಒಂದು ಅಂಕಿ ಇದೆ.

ಯೋಚನೆ ಮಾಡಿ. ಹೊಳೆಯಾಚೆಯ ಸಾಹುಕಾರ, ಈಚೆಯ ರೈತ, ಇಬ್ಬರೂ ಒಂದು ದಿನ ಕೂಡಿ ಕಾಗದ ಮಾಡಬೇಕು. ಒಬ್ಬನ ಕಚೇರಿಗೆ ಇಂಗ್ಲಿಷ್ ತಾರೀಖು, ಇನ್ನೊಬ್ಬನದಕ್ಕೆ ಫಸಲಿ. ಅವರಿಬ್ಬರೂ ತಪ್ಪದೆ ಸೇರಲು ಇದ್ದ ದಾರಿ ಅಂದರೆ ಅಮಾವಾಸ್ಯೆ, ಹುಣ್ಣಿಮೆ ಇಲ್ಲವೇ ಸಂತೆ ದಿನ. ಚಂದ್ರ ಎರಡೂ ದಂಡೆಗೆ ಒಂದೇ. 1948ರ ಸೆಪ್ಟೆಂಬರ್ 17ರಂದು ಹೈದರಾಬಾದ್ ಸಂಸ್ಥಾನ ಶರಣಾಗಿ ಭಾರತದಲ್ಲಿ ಸೇರಿದ ಮೇಲೆ ಫಸಲಿಯೂ ಬರಬರುತ್ತ ಕಚೇರಿಯಿಂದ ಸರಿಯಿತು.

ಆ ಕಡೆ ಜಗತ್ತಿನಲ್ಲೂ ಇದೇ ಗೊಂದಲ ನಡೆದಿತ್ತು. ಅಮೆರಿಕದಲ್ಲಿ ಒಂದೊಂದು ರೈಲು ಕಂಪನಿಗೆ ಒಂದೊಂದು ವೇಳೆ. ಬೇಸತ್ತ ಕಂಪನಿಗಳೇ ಸೇರಿ 1883ರ ನವೆಂಬರ್ 18ರಂದು ದೇಶವನ್ನು ವೇಳೆಯ ಪಟ್ಟಿಗಳಾಗಿ ಹಂಚಿಕೊಂಡವು. ಮರುವರ್ಷ ಅಕ್ಟೋಬರಿನಲ್ಲಿ ವಾಷಿಂಗ್ಟನ್‌ನಲ್ಲಿ 25 ದೇಶಗಳವರು ಕೂಡಿದರು. ಲಂಡನ್ ಹತ್ತಿರದ ಗ್ರೀನಿಚ್ ಮೇಲೆ ಹಾಯುವ ಗೆರೆ ಸೊನ್ನೆ ಅಂತ 22 ದೇಶಗಳು ಒಪ್ಪಿದವು. ಫ್ರಾನ್ಸ್ ಮತ್ತು ಬ್ರೆಜಿಲ್ ಮತ ಹಾಕಲಿಲ್ಲ. ಭಾರತ ಆಗ ಇಂಗ್ಲಿಷರ ಕೈಯಲ್ಲಿತ್ತು, ಒಂದು ದೇಶವಾಗಿ ನಮಗೆ ಅಲ್ಲಿ ಕುರ್ಚಿ ಇರಲಿಲ್ಲ. ಅಷ್ಟೆಲ್ಲ ದೇಶದವರನ್ನು ಒಂದು ಕೋಣೆಯಲ್ಲಿ ಕೂಡಿಸಲು ಹಡಗಿನ ಮೇಲೆ ವಾರಗಟ್ಟಲೆ ಬರಬೇಕಾಗಿತ್ತು. ಎಲ್ಲರೂ ಒಂದೇ ಊರಿಗೆ ಬಂದು ಕುಂತಿದ್ದರಿಂದ ‘ಯಾರ ಹತ್ತು ಗಂಟೆ’ ಅನ್ನುವ ತಕರಾರು ಆ ಸಭೆಗೆ ಬರಲಿಲ್ಲ!

ನಮ್ಮಲ್ಲಿ ಮುಂಬಯಿ ಬಗ್ಗಲಿಲ್ಲ. 1881ರಲ್ಲಿ ಗವರ್ನರ್ ಜೇಮ್ಸ್ ಫರ್ಗುಸನ್ ಸರ್ಕಾರಿ ಕಚೇರಿಗಳಿಗೆ ಮದ್ರಾಸ್ ವೇಳೆ ಹಚ್ಚಲು ಹೋಗಿ ಊರ ಮಂದಿಯ ಸಿಟ್ಟು ಕಟ್ಟಿಕೊಂಡ. ವಿಶ್ವವಿದ್ಯಾಲಯದ ರಾಜಾಬಾಯಿ ಗೋಪುರದ ಗಡಿಯಾರ ಯಾವ ವೇಳೆ ತೋರಿಸಬೇಕು ಅಂತಲೂ ಹಗ್ಗಜಗ್ಗಾಟ ನಡೆಯಿತು. ಎರಡು ವರ್ಷದಲ್ಲಿ ಸರ್ಕಾರವೇ ಹಿಂದೆ ಸರಿಯಬೇಕಾಯಿತು.

ಆಮೇಲೆ 1906ರ ಜನವರಿ 1. ಗ್ರೀನಿಚ್‌ಗಿಂತ ಐದೂವರೆ ತಾಸು ಮುಂದೆ ಇರುವ ಭಾರತೀಯ ಪ್ರಮಾಣ ವೇಳೆ ಜಾರಿಗೆ ಬಂತು. ನಾವು ಇವತ್ತು ಕಟ್ಟಿಕೊಳ್ಳುವ ಕೈಗಡಿಯಾರದ ವೇಳೆ ಇದೇ. ಉತ್ತರ ಪ್ರದೇಶದ ಮಿರ್ಜಾಪುರದ ಹತ್ತಿರ ಹಾಯುವ 82.5 ಡಿಗ್ರಿ ರೇಖಾಂಶ ಇದರ ಮೂಲ. ಅಂದರೆ ಮುಂಬಯಿಯವರು ಗಡಿಯಾರವನ್ನು 39 ನಿಮಿಷ ಮುಂದೆ ತಿರುಗಿಸಬೇಕಾಯಿತು. ಗಡಿಯಾರ ಮುಂದೆ ಹೋದರೆ ಏಳುವುದೂ ಬೇಗ, ಗಿರಣಿಗೆ ಓಡುವುದೂ ಬೇಗ. ಬಂಗಾಳ ವಿಭಜನೆಯ ಸಿಟ್ಟು ಹಸಿಯಾಗಿದ್ದ ಕಾಲ, ಸರ್ಕಾರ ಏನು ತಂದರೂ ಅನುಮಾನ. ಆ ಜನವರಿಯಲ್ಲೇ ಹತ್ತಿ ಗಿರಣಿಯ ಕೆಲಸಗಾರರು ಮಗ್ಗ ಬಿಟ್ಟು ಹೊರಗೆ ಬಂದರು, ಕಲ್ಲು ತೂರಾಟವೂ ಆಯಿತು. ಫಿರೋಜ್‌ಶಾ ಮೆಹ್ತಾರಂಥ ಮುಖಂಡರು ಮುಂಬಯಿ ವೇಳೆಯ ಪರ ನಿಂತರು. ಮುಂಬಯಿ ಕಾರ್ಪೊರೇಷನ್ ತನ್ನ ಹಳೆ ವೇಳೆಯನ್ನು ಪೂರಾ ಬಿಟ್ಟದ್ದು ಯಾವಾಗ ಗೊತ್ತೇ? 1955ರಲ್ಲಿ. ಕಲ್ಕತ್ತೆ ತನ್ನದನ್ನು 1948ರಲ್ಲಿ ಬಿಟ್ಟಿತು. ಸ್ವಾತಂತ್ರ್ಯ ಬಂದು ಎಂಟು ವರ್ಷ ಕಳೆದರೂ ಮುಂಬಯಿಯಲ್ಲಿ ‘ಸಂಜೆ 6ಕ್ಕೆ ಸಭೆ’ ಅಂತ ಛಾಪಿಸಿದರೆ ಸ್ಟ್ಯಾಂಡರ್ಡ್ ವೇಳೆಯೋ ಬಾಂಬೆ ವೇಳೆಯೋ ಅಂತ ಬಿಡಿಸಿ ಬರೆಯಬೇಕಾಗಿತ್ತು.

ಅಲ್ಲಿಗೆ ದುಡಿಯಲು ಹೋದ ನಮ್ಮ ಕಡೆಯವರಿಗೆ ಇದು ಹೇಗಿತ್ತೋ. ಸೋಲಾಪುರದ ಗಿರಣಿಗಳ ಭೋಂಗಾ, ಕಲಬುರಗಿಯ ಎಂಎಸ್‌ಕೆ ಮಿಲ್ಲಿನ ಭೋಂಗಾ ಕೇಳಿ ಎದ್ದು ಹೋಗುವವರಿಗೆ ಗಡಿಯಾರವೇ ಬೇಕಿರಲಿಲ್ಲ. ಭೋಂಗಾ ಕೂಗಿದ್ದೇ ವೇಳೆ. ಮಿಲ್ಲು ಹೋಗಿ ಎಷ್ಟೋ ಕಾಲವಾದರೂ ಕಲಬುರಗಿಯಲ್ಲಿ ಆಟೋದವರಿಗೆ ‘ಎಂಎಸ್‌ಕೆ ಮಿಲ್’ ಅಂದರೆ ಸಾಕು, ಕರೆದೊಯ್ಯುತ್ತಾರೆ.

ಹೊಸ ವೇಳೆಯಿಂದ ನಮ್ಮ ಚೌಡಾಪುರಕ್ಕೆ ಆದದ್ದೇನು? ನಮ್ಮ ಸೂರ್ಯ ಭಾರತೀಯ ವೇಳೆಗಿಂತ 24 ನಿಮಿಷದಷ್ಟು ಹಿಂದೆ. ಅಂದರೆ ಹೆಚ್ಚುಕಡಿಮೆ ಸರಿಯಾಗಿ ಒಂದು ಗಳಿಗೆ. ತಾಮ್ರದ ಬಟ್ಟಲು ಒಮ್ಮೆ ಮುಳುಗುವಷ್ಟು ಹೊತ್ತು. ಇದನ್ನು ನೀವೇ ಪರೀಕ್ಷೆ ಮಾಡಬಹುದು. ಅಂಗಳದಲ್ಲಿ ನೆಟ್ಟಗೆ ಒಂದು ಕೋಲು ನೆಡಿ. ನೆರಳು ಎಲ್ಲಕ್ಕಿಂತ ಗಿಡ್ಡ ಆಗುವುದು 12ಕ್ಕಲ್ಲ, ವರ್ಷದ ಸರಾಸರಿಯಲ್ಲಿ 12:24ರ ಹೊತ್ತಿಗೆ. ಫೆಬ್ರುವರಿ ನಡುವೆ ಅದು 12:38ರ ತನಕ ಹೋಗುತ್ತದೆ, ನವೆಂಬರ್ ಶುರುವಿಗೆ 12:08ಕ್ಕೆ ಬರುತ್ತದೆ. ಭೂಮಿ ಸೂರ್ಯನನ್ನು ಸುತ್ತುವ ವೇಗ ವರ್ಷವಿಡೀ ಒಂದೇ ಇರುವುದಿಲ್ಲ, ಅದರ ಅಚ್ಚೂ ಓರೆ, ಅದಕ್ಕೆ ಈ ಏರಿಳಿತ. ದೇವಲ ಗಾಣಗಾಪುರದಲ್ಲಿ ದತ್ತ ಮಹಾರಾಜರು ಮಧ್ಯಾಹ್ನ ಭಿಕ್ಷೆಗೆ ಬರುತ್ತಾರೆ ಅಂತ ನಂಬಿ ಭಕ್ತರು ಜೋಳಿಗೆ ಹಿಡಿದು ಮಧುಕರಿ ಬೇಡುವುದನ್ನು ನಮ್ಮ ಕಡೆಯವರೆಲ್ಲ ಕಂಡಿದ್ದೀರಿ. ಗಡಿಯಾರ 12 ತೋರಿಸಿದಾಗ ಭೀಮೆಯ ಮೇಲಿನ ಸೂರ್ಯ ಇನ್ನೂ ನೆತ್ತಿಗೆ ಬಂದಿರುವುದಿಲ್ಲ. ಮಸೀದಿಗಳಲ್ಲಿ ಜುಹರ್ ನಮಾಜಿನ ವೇಳೆ ಶುರುವಾಗುವುದೂ ಸೂರ್ಯ ನೆತ್ತಿಯಿಂದ ವಾಲಿದ ಮೇಲೆ. ಊರೂರಿಗೆ ನಿಮಿಷ ಬದಲಾಗುವ ತಖ್ತೆ ಅಲ್ಲಿ ತೂಗುಹಾಕಿರುತ್ತದೆ. ಗ್ರೀನಿಚ್, ಮಿರ್ಜಾಪುರ ಯಾವುದಕ್ಕೂ ಬಗ್ಗದೆ ಊರಿನ ಸ್ವಂತ ಹೊತ್ತು ಇವತ್ತಿಗೂ ಉಳಿದಿರುವುದು ಇಂಥಲ್ಲೇ.

ಇನ್ನು ಅಕ್ಕನ ಗಡಿಯಾರ ಯಾಕೆ ಹಿಂದಕ್ಕೆ ಹೋಯಿತು ಅನ್ನುವುದಕ್ಕೆ ಬರೋಣ.

ಅಲ್ಲಿ ಬ್ಯಾಸಿಗೆಯಲ್ಲಿ ಸೂರ್ಯ ಬಹಳ ಬೇಗ ಹುಟ್ಟುತ್ತಾನೆ. ಜನ ಮಲಗಿರುವಾಗಲೇ ಬೆಳಕು ಹರಿದು ವ್ಯರ್ಥ ಆಗುತ್ತದೆ, ಗಡಿಯಾರವನ್ನೇ ಒಂದು ತಾಸು ಮುಂದಿಟ್ಟರೆ ಸಂಜೆ ದೀಪದ ಖರ್ಚು ಉಳಿಯುತ್ತದೆ ಅನ್ನುವುದು ವಾದ. ಇದನ್ನು ದೇಶದ ಮಟ್ಟದಲ್ಲಿ ಮೊದಲು ಮಾಡಿದ್ದು ಜರ್ಮನಿ, 1916ರ ಏಪ್ರಿಲ್ 30ರಂದು, ಮೊದಲ ಮಹಾಯುದ್ಧದ ನಡುವೆ ಕಲ್ಲಿದ್ದಲು ಉಳಿಸಲು. ವಾರಗಳಲ್ಲೇ ಇಂಗ್ಲೆಂಡ್, 1918ಕ್ಕೆ ಅಮೆರಿಕ. ಯುದ್ಧ ಮುಗಿದರೂ ಚಟ ಬಿಡಲಿಲ್ಲ. ಈಗಿನ ನಿಯಮ 2007ರಿಂದ ಇರುವುದು: ಅಮೆರಿಕದಲ್ಲಿ ಮಾರ್ಚ್ ತಿಂಗಳ ಎರಡನೇ ಐತವಾರ ಗಡಿಯಾರ ಮುಂದೆ, ನವೆಂಬರ್ ತಿಂಗಳ ಮೊದಲನೇ ಐತವಾರ ಹಿಂದೆ. ಇಂಗ್ಲೆಂಡಿನಲ್ಲಿ ಮಾರ್ಚಿನ ಕೊನೇ ಐತವಾರ, ಅಕ್ಟೋಬರಿನ ಕೊನೇ ಐತವಾರ. ಎರಡೂ ಒಂದೇ ದಿನ ಅಲ್ಲ. ಒಬ್ಬ ಮಗ ಲಂಡನ್‌ನಲ್ಲಿ, ಮಗಳು ನ್ಯೂಯಾರ್ಕಿನಲ್ಲಿ ಇರುವ ಮನೆಗೆ ವರ್ಷಕ್ಕೆ ನಾಲ್ಕು ಸಲ ಲೆಕ್ಕ ತಪ್ಪುವ ಅವಕಾಶ.

ಭಾರತವೂ ಇದನ್ನು ಉಂಡಿದೆ. ಎರಡನೇ ಮಹಾಯುದ್ಧದಲ್ಲಿ 1942ರ ಸೆಪ್ಟೆಂಬರ್ 1ರಿಂದ 1945ರ ಅಕ್ಟೋಬರ್ 15ರ ತನಕ ನಮ್ಮ ಗಡಿಯಾರ ಗ್ರೀನಿಚ್‌ಗಿಂತ ಆರೂವರೆ ತಾಸು ಮುಂದಿತ್ತು. ಆ ಮೂರು ವರ್ಷ ನೇಸರು ನೆತ್ತಿಗೆ ಬಂದಾಗ ಸ್ಟೇಷನ್ ಗಾಣಗಾಪುರದ ಗಡಿಯಾರದಲ್ಲಿ ಒಂದೂ ಇಪ್ಪತ್ತನಾಲ್ಕು! ಈಗ ನಾವು ಆ ಗೋಜಿಗೆ ಹೋಗುವುದಿಲ್ಲ. ಈಶಾನ್ಯದಲ್ಲಿ ಮಾತ್ರ ಕೇಳಿಕೆ ಇದೆ. ಅಸ್ಸಾಮಿನ ಚಹಾ ತೋಟಗಳಲ್ಲಿ ಇಂಗ್ಲಿಷರ ಕಾಲದಿಂದ ಒಂದು ತಾಸು ಮುಂದಿನ ‘ಚಾಯ್ ಬಾಗಾನ್ ವೇಳೆ’ ನಡೆದುಬಂದಿದೆ. ದೇಶದ ವೇಳೆ ಕಾಯುವ ದೆಹಲಿಯ ರಾಷ್ಟ್ರೀಯ ಭೌತ ಪ್ರಯೋಗಾಲಯದವರೇ 2018ರಲ್ಲಿ ಎರಡು ವೇಳೆ ಮಾಡಬಹುದು ಅಂತ ಬರೆದರು. ಕೇಂದ್ರ ಸರ್ಕಾರ ಒಪ್ಪಲಿಲ್ಲ.

ಗಲ್ಫಿನಲ್ಲಿ ಗಡಿಯಾರ ಹಿಂದೆಮುಂದೆ ಆಗುವುದಿಲ್ಲ. ದುಬೈ ನಮಗಿಂತ ಯಾವಾಗಲೂ ಒಂದೂವರೆ ತಾಸು ಹಿಂದೆ, ಸೌದಿ ಎರಡೂವರೆ ತಾಸು ಹಿಂದೆ. ಅಲ್ಲಿಯ ತೊಡಕು ವಾರದ್ದು. ಸೌದಿಯಲ್ಲಿ 2013ರ ತನಕ ಗುರುವಾರ ಶುಕ್ರವಾರ ರಜೆ ಇತ್ತು, ಆಮೇಲೆ ಶುಕ್ರವಾರ ಶನಿವಾರ ಮಾಡಿದರು. ದುಬೈಯವರು 2022ರಿಂದ ಶನಿವಾರ ಐತವಾರಕ್ಕೆ ಬಂದರು. ನಾವು ‘ಐತವಾರ ಎಲ್ಲಾರಿಗೂ ಸೂಟಿ’ ಅಂತ ಕಣ್ಣು ಮುಚ್ಚಿ ಇಟ್ಟೆವಲ್ಲ, ಅವತ್ತು ದಮ್ಮಾಮ್‌ನಲ್ಲಿ ವಾರದ ಮೊದಲ ಕೆಲಸದ ದಿನ. ತಮ್ಮ ಯಾಕೆ ಕ್ಯಾಬಿನ್‌ನಲ್ಲಿ ಕುಂತಿದ್ದ ಅಂತ ಆವತ್ತು ನಮ್ಮಲ್ಲಿ ಒಬ್ಬರೂ ಕೇಳಲಿಲ್ಲ.

ಮೊದಲು ಈ ಪಜೀತಿ ಇರಲಿಲ್ಲ, ಯಾಕೆಂದರೆ ಸಭೆಯೇ ಇರಲಿಲ್ಲ. ಗಲ್ಫಿಗೆ ಹೋದವರು ಪತ್ರ ಬರೆಯುತ್ತಿದ್ದರು, ಕ್ಯಾಸೆಟ್‌ನಲ್ಲಿ ಮಾತು ತುಂಬಿ ಊರಿಗೆ ಬರುವವರ ಕೈಯಲ್ಲಿ ಕಳಿಸುತ್ತಿದ್ದರು. ಆಮೇಲೆ ಎಸ್‌ಟಿಡಿ ಬೂತು ಬಂತು. ರಾತ್ರಿ ದರ ಕಡಿಮೆ ಅಂತ ಬೂತಿನ ಮುಂದೆ ಪಾಳಿ ಹಚ್ಚುತ್ತಿದ್ದರು. ಮೀಟರಿನ ಕೆಂಪು ಅಂಕಿ ಓಡುತ್ತಿರುವಾಗ ಹೊಲದ ವಾಟಣಿ ಮಾತಾಡಲು ಯಾರಿಗೆ ಧೈರ್ಯ? ‘ಆರಾಮ ಅದೀರೇನ್ರೀ, ಆರಾಮ ಅದೀವಿ’ ಅಷ್ಟೆ. ನಾಲ್ಕು ಊರಿನವರು ಒಂದೇ ಪಡಸಾಲೆಯಲ್ಲಿ ಕುಂತಂತೆ ಕೂಡುವುದು ಮನೆಮನೆಗೆ ಬಂದದ್ದು ಕೊರೋನಾ ಕಾಲದಿಂದ. ಮದುವೆ, ತೊಟ್ಟಿಲು, ಮಣ್ಣು, ಎಲ್ಲ ಫೋನಿನಲ್ಲಿ ಆದವು. ಆಗ ವೇಳೆ ಕೂಡಿಸುವ ಕೆಲಸ ಮುಂಬಯಿ ಗವರ್ನರನ ಕೈಯಿಂದ ನಮ್ಮಂಥವರ ಕೈಗೆ ಬಂತು.

ಬೆಂಗಳೂರಿನಲ್ಲಿ ಅಮೆರಿಕದ ಕಂಪನಿಗೆ ದುಡಿಯುವ ನಮ್ಮ ಊರಿನ ಹುಡುಗನೊಬ್ಬನನ್ನು ಕೇಳಿದೆವು. ಅವನು ಹೇಳಿದ್ದು ಸಣ್ಣದು, ಉಪಯೋಗದ್ದು. ‘ಎರಡು ವೇಳೆ ಬರೀಬ್ಯಾಡ್ರಿ. ಒಂದೇ ಬರೀರಿ, ಯಾವ ಊರಿಂದು ಅಂತ ಹೆಸರು ಹಾಕ್ರಿ. ಉಳಿದದ್ದು ಅವರವರ ಫೋನ್ ನೋಡ್ಕೋತದ.’ ಭಾರತದ ವೇಳೆ ಬದಲಾಗುವುದಿಲ್ಲ, ಅದಕ್ಕೇ ಕಟ್ಟಿದರೆ ಗಟ್ಟಿ. ಫೋನಿನ ಗಡಿಯಾರದ ಒಳಗೆ ಬೇರೆ ಊರಿನ ಹೆಸರು ಸೇರಿಸುವ ಜಾಗ ಇರುತ್ತದೆ. ನ್ಯೂಯಾರ್ಕ್ ಅಂತ ಹಾಕಿದರೆ ಸಾಕು, ನ್ಯೂಜೆರ್ಸಿಗೂ ಅದೇ ವೇಳೆ. ಸಭೆ ಇರುವ ದಿನ ಮುಂಜಾನೆಯೇ ಒಮ್ಮೆ ನೋಡಬೇಕು, ಹಿಂದಿನ ವಾರದ ಲೆಕ್ಕ ನಂಬಬಾರದು. ಇನ್ನೊಂದು, ಅಮೆರಿಕದವರ ಜೊತೆ ‘ನಾಳೆ ಮುಂಜಾನೆ’ ಅನ್ನುವ ಮಾತು ಆಡಲೇಬಾರದು. ನಮ್ಮ ಮುಂಜಾನೆ ಏಳು ಅವರಿಗೆ ಹಿಂದಿನ ದಿನದ ರಾತ್ರಿ. ವಾರದ ಹೆಸರು, ತಾರೀಖು ಎರಡೂ ಬೇಕು.

ನಾವು ತಪ್ಪು ಒಪ್ಪಿಕೊಂಡದ್ದು ನವೆಂಬರ್ ಕೊನೆಗೆ. ಮೊದಲು ಅಕ್ಕನಿಗೆ, ಆಮೇಲೆ ದೊಡ್ಡಣ್ಣನ ಹತ್ತಿರ ಹೊಲಕ್ಕೇ ಹೋಗಿ. ತೊಗರಿ ಹೂ ಕಟ್ಟಿತ್ತು. ಫೋನಿನಲ್ಲಿ ಎರಡು ಗಡಿಯಾರ ತೋರಿಸಿ, ಕೋಲಿನಿಂದ ಮಣ್ಣಲ್ಲಿ ಗೆರೆ ಹೊಡೆದು ಹೇಳಿದೆವು. ಬಹಳ ಹೊತ್ತು ಸುಮ್ಮನಿದ್ದ. ‘ಅಂದ್ರ ಅಕಿ ಟೈಮಿಗೇ ಬಂದಾಳ’ ಅಂದ. ಹೌದು ಅಂದೆವು. ‘ಮತ್ತ ನಾ ಎಲ್ಲಾರ ಮುಂದ ಅಂದಿದ್ದು?’ ಅಂದ. ಅದಕ್ಕೆ ನಮ್ಮ ಹತ್ತಿರ ಉತ್ತರ ಇರಲಿಲ್ಲ.

ಡಿಸೆಂಬರಿನ ಒಂದು ಶುಕ್ರವಾರ ಮತ್ತೆ ಕೂಡಿದೆವು. ತಮ್ಮನಿಗೆ ವಾರಕ್ಕೆ ಅದೊಂದೇ ಸೂಟಿ. ಅಕ್ಕ ಅರ್ಧ ದಿನ ರಜೆ ಹಾಕಿದಳು. ಭಾರತದ ರಾತ್ರಿ 8 ಅಂತ ಒಂದೇ ಬರೆದಿದ್ದೆವು. ಆ ಇಬ್ಬರು ಹಿರಿಯರನ್ನೂ ಮತ್ತೆ ಕರೆದಿದ್ದರು. ಎಂಟಕ್ಕೆ ಎರಡು ನಿಮಿಷ ಇರುವಾಗಲೇ ಅಕ್ಕ ಬಂದಳು, ಅದೇ ನೋಟ್‌ಬುಕ್.

ಅದರಲ್ಲಿ ಏನಿತ್ತು ಅಂತ ಆವತ್ತು ಗೊತ್ತಾಯಿತು. 2005ರ ತಿದ್ದುಪಡಿಯಿಂದ ಪಿತ್ರಾರ್ಜಿತದಲ್ಲಿ ಮಗಳಿಗೂ ಮಗನಷ್ಟೇ ಹಕ್ಕು ಅಂತ ಅವಳಿಗೆ ಗೊತ್ತಿತ್ತು. ಅದನ್ನು ಅವಳು ತನಗೆ ಕೇಳಲಿಲ್ಲ. ತನ್ನ ಪಾಲಿಗೆ ಬರುವ ಮೂರು ಎಕರೆ ಅವ್ವನ ಹೆಸರಿಗೆ ಆಗಬೇಕು, ಅವ್ವ ಇರುವ ತನಕ ಅದರ ಫಸಲಿನ ರೊಕ್ಕ ಅವ್ವನ ಖಾತೆಗೇ ಹೋಗಬೇಕು, ಅದಾದ ಮೇಲೆ ಹಕ್ಕು ಬಿಟ್ಟ ಪತ್ರಕ್ಕೆ ಸಹಿ. ಯಾವ ಸರ್ವೆ ನಂಬರ್, ಎಷ್ಟು ಗುಂಟೆ, ಎಲ್ಲ ಬರೆದುಕೊಂಡಿದ್ದಳು. ನವೆಂಬರ್ 3ರಂದು ಹೇಳಬೇಕು ಅಂತ ಕುಂತಿದ್ದಳು.

ದೊಡ್ಡಣ್ಣ ಒಪ್ಪಿದ. ಬಾವಿ ಹೊಲದಿಂದಲೇ ಕೊಡಬೇಕೋ ಹಳ್ಳದ ದಂಡೆಯಿಂದ ಕೊಡಬೇಕೋ ಅಂತ ಪುಣೆಯವನ ಜೊತೆ ಮಾತು ಬೆಳೆಯಿತು, ಅದು ಇನ್ನೂ ಮುಗಿದಿಲ್ಲ. ಕಾಗದ ಆಗಿಲ್ಲ.

ದೊಡ್ಡವ್ವನ ಪಡಸಾಲೆಯಲ್ಲಿ ಈಗ ಎರಡು ಗಡಿಯಾರ. ಕೆಟ್ಟು ಮೂಲೆಗೆ ಬಿದ್ದಿದ್ದ ಹಳೆಯದಕ್ಕೆ ಸೆಲ್ ಹಾಕಿಸಿ, ಮಗಳ ವೇಳೆ ಇಡಿಸಿಕೊಂಡಿದ್ದಾಳೆ. ಅಂಕಿ ಅವಳಿಗೆ ಓದಲು ಬರುವುದಿಲ್ಲ, ದೊಡ್ಡ ಮುಳ್ಳು ಸಣ್ಣ ಮುಳ್ಳಿನ ಗುರುತು ಸಾಕು. ಮಾರ್ಚಿನಲ್ಲಿ ಮೊಮ್ಮಗ ಕುರ್ಚಿ ಹತ್ತಿ ಮುಳ್ಳನ್ನು ಒಂದು ತಾಸು ಮುಂದೆ ತಳ್ಳಿದ. ‘ಯಾಕೋ, ಕೆಟ್ಟದೇನು?’ ಅಂತ ಕೇಳಿದಳು. ಕೆಟ್ಟಿಲ್ಲ ಆಯಿ, ಅಲ್ಲಿ ಬ್ಯಾಸಿಗಿ ಬಂತು ಅಂದ.